ನಲವತ್ತೊಂಬತ್ತು ಅಂಕದ ಸಂದರ್ಶನದ ಬಗ್ಗೆ ನೋಂದಣಿ ಗುಮಾಸ್ತೆಯ ಸವಿನಯ ದೂರು

ಪುರಸಭೆಯ ಮುಖ್ಯಾಧಿಕಾರಿಗಳ ಸನ್ನಿಧಾನಕ್ಕೆ,

ಮಾನ್ಯರೇ,

ತಾವು, ತಮ್ಮ ಮೇಜಿನ ಗಾಜು, ಆ ಗಾಜಿನ ಕೆಳಗೆ ಭದ್ರವಾಗಿರುವ ದೊಡ್ಡವರ ಫೋನ್ ನಂಬರುಗಳು ಮತ್ತು ತಲೆಯ ಮೇಲೆ ಕಿರ್‌ಗುಡುತ್ತ ತಿರುಗುವ ಫ್ಯಾನು, ಎಲ್ಲವೂ ಕ್ಷೇಮವೆಂದು ನಂಬಿ ಈ ಕೆಳಗೆ ಸಹಿ ಮಾಡಿರುವ ನಾನು ಕೈಜೋಡಿಸಿ ಬರೆದುಕೊಳ್ಳುವುದೇನೆಂದರೆ, ತಮ್ಮ ಕೋಣೆಗೂ ನನ್ನ ಕಿಟಕಿಗೂ ನಡುವೆ ಇಪ್ಪತ್ತೆರಡೇ ಹೆಜ್ಜೆಗಳಿದ್ದು, ನಡೆದು ಬಂದು ಬಾಯಲ್ಲೇ ಹೇಳಬಹುದಿತ್ತು. ಆದರೆ ಸ್ವೀಕೃತಿ ಸಂಖ್ಯೆ ಬೀಳದ ಮಾತು ಮಾತೇ ಅಲ್ಲವೆಂದು ಈ ಹತ್ತು ವರ್ಷಗಳಲ್ಲಿ ನನಗೆ ಕಲಿಸಿದವರು ತಾವೇ ಆದ್ದರಿಂದ, ಗುರುಗಳ ಪಾಠಕ್ಕೆ ಚ್ಯುತಿ ಬಾರದಂತೆ ಈ ಪತ್ರದ ಒಂದು ಪ್ರತಿಯನ್ನು ತಮ್ಮ ಟಪಾಲಿಗೂ, ಒಂದನ್ನು ನೋಟೀಸು ಬೋರ್ಡಿಗೂ, ಒಂದನ್ನು ಪತ್ರಿಕೆಯವರಿಗೂ ಕೊಟ್ಟಿದ್ದೇನೆ.

ನಾನು ಯಾರೆಂದು ತಮಗೆ ಗೊತ್ತಿದ್ದರೂ ಬೋರ್ಡಿನ ಮುಂದೆ ನಿಂತು ಓದುವವರಿಗೆ ಗೊತ್ತಿರಲಾರದು. ನಾನು ಜನನ-ಮರಣ ನೋಂದಣಿ ವಿಭಾಗದವಳು. ಪರೀಕ್ಷೆ ಬರೆಯುವ ಮುನ್ನ ಆರು ವರ್ಷ ಅಲ್ಲೇ ತಾತ್ಕಾಲಿಕ ನೌಕರಳಾಗಿದ್ದೆ. ತಾತ್ಕಾಲಿಕ ಎಂದರೆ ಎಂಬತ್ತೊಂಬತ್ತು ದಿನ ಕೆಲಸ ಮಾಡುವುದು, ತೊಂಬತ್ತನೆಯ ದಿನ ಮನೆಯಲ್ಲಿ ಕೂರುವುದು, ತೊಂಬತ್ತೊಂದನೆಯ ದಿನ ಹೊಸಬಳಂತೆ ಮತ್ತೆ ಬಂದು ಸೇರುವುದು. ತೊಂಬತ್ತು ದಿನ ತುಂಬಿಬಿಟ್ಟರೆ ನಾನು ಕಾಯಂ ಆಗಿಬಿಡುವ ಅಪಾಯವಿತ್ತಂತೆ. ಆ ಒಂದು ದಿನ ಊರಿನಲ್ಲಿ ಹುಟ್ಟಿದವರೂ ಸತ್ತವರೂ ನನಗಾಗಿ ಕಾಯುತ್ತಿದ್ದರು. ಸತ್ತವರು ತಾಳ್ಮೆಯಿಂದಲೇ ಕಾಯುತ್ತಿದ್ದರು ಎಂಬುದನ್ನು ಕೃತಜ್ಞತೆಯಿಂದ ನೆನೆಯುತ್ತೇನೆ.

ಹೀಗಿರುವಾಗ ತಾವು ನೋಂದಣಿ ಗುಮಾಸ್ತರ ಕಾಯಂ ಹುದ್ದೆಯೊಂದಕ್ಕೆ ಅರ್ಜಿ ಕರೆದಿರಿ. ವಯಸ್ಸಿನ ಮಿತಿ ದಾಟಲು ನನಗೆ ಇನ್ನು ಮೂರು ತಿಂಗಳು ಬಾಕಿ. ಇದು ತಪ್ಪಿದರೆ ಇನ್ನಾವ ಸರ್ಕಾರಿ ಪರೀಕ್ಷೆಯ ಬಾಗಿಲೂ ನನಗೆ ತೆರೆಯುವಂತಿರಲಿಲ್ಲ. ಬಸ್ ಕಂಡಕ್ಟರ್ ಆಗಿರುವ ನನ್ನ ಯಜಮಾನರು ಬಸ್ಸಿನಲ್ಲಿ ಯಾರೋ ಬಿಟ್ಟುಹೋದ ಸಾಮಾನ್ಯಜ್ಞಾನದ ಪುಸ್ತಕವನ್ನು, ವಾರಸುದಾರರು ಆರು ತಿಂಗಳಾದರೂ ಬರಲಿಲ್ಲವೆಂದು ಖಾತ್ರಿಪಡಿಸಿಕೊಂಡು, ನನಗೆ ತಂದುಕೊಟ್ಟರು. ನನ್ನ ಅತ್ತೆ ಪ್ರಶ್ನೆ ಕೇಳುವುದು, ನಾನು ಪಾತ್ರೆ ತೊಳೆಯುತ್ತ ಉತ್ತರ ಹೇಳುವುದು. ನೂರಕ್ಕೆ ಎಂಬತ್ತೊಂದು ಅಂಕ ಬಂತು. ಪಟ್ಟಿಯಲ್ಲಿ ನಾನೇ ಮೊದಲು. ತಮ್ಮ ಅಧ್ಯಕ್ಷರ ಭಾಮೈದ ಮೂವತ್ತನಾಲ್ಕು ಅಂಕ ಪಡೆದು ಪಟ್ಟಿಯ ಬುಡದಲ್ಲಿ ವಿರಾಜಮಾನರಾಗಿದ್ದರು.

ಆಮೇಲೆ ಸಂದರ್ಶನ. ಐವತ್ತು ಅಂಕದ್ದು. ನನ್ನನ್ನು ಒಳಗೆ ಕರೆದಾಗ ತಾವು ಮಧ್ಯದಲ್ಲಿ, ಅಧ್ಯಕ್ಷರು ಬಲಕ್ಕೆ, ಎಡಗಡೆಯ ಕುರ್ಚಿಯಲ್ಲಿ ಅಧ್ಯಕ್ಷರ ಕೈಚೀಲ ಕುಳಿತಿದ್ದಿರಿ. ತಾವು ನನ್ನನ್ನು ಕೇಳಿದ್ದು ಒಂದೇ ಪ್ರಶ್ನೆ: "ಮನೇಲಿ ಕೆಲಸ ಇಲ್ವೇನಮ್ಮಾ?" ನಾನು "ಇದೆ ಸಾರ್, ಅದನ್ನ ಮುಗಿಸಿಕೊಂಡೇ ಬಂದಿದ್ದೀನಿ" ಎಂದೆ. ಅಧ್ಯಕ್ಷರ ಭಾಮೈದನವರಿಗೂ ತಾವು ಒಂದೇ ಪ್ರಶ್ನೆ ಕೇಳಿದಿರೆಂದು ಅವರೇ ಆಮೇಲೆ ನನಗೆ ಹೇಳಿದರು. "ಅಕ್ಕ ಚೆನ್ನಾಗಿದ್ದಾರಾ?" ಎಂದು ಕೇಳಿದಿರಂತೆ. ಅವರು "ಚೆನ್ನಾಗಿದ್ದಾರೆ" ಎಂದರಂತೆ. ತಡವರಿಸಲಿಲ್ಲ, ಪುಸ್ತಕ ನೋಡಲಿಲ್ಲ. ಅವರಿಗೆ ನಲವತ್ತೊಂಬತ್ತು ಅಂಕ, ನನಗೆ ಒಂದು.

ಮಾನ್ಯರೇ, ಈ ಲೆಕ್ಕದ ಸೊಗಸನ್ನು ಹೊಗಳಲು ನನ್ನಲ್ಲಿ ಪದಗಳಿಲ್ಲ. ಎಂಬತ್ತೊಂದಕ್ಕೆ ಒಂದು ಕೂಡಿದರೆ ಎಂಬತ್ತೆರಡು. ಮೂವತ್ತನಾಲ್ಕಕ್ಕೆ ನಲವತ್ತೊಂಬತ್ತು ಕೂಡಿದರೆ ಎಂಬತ್ತಮೂರು. ಐವತ್ತಕ್ಕೆ ಐವತ್ತೂ ಕೊಟ್ಟು ದುಂದು ಮಾಡದೆ, ನನಗೆ ಸೊನ್ನೆ ಕೊಟ್ಟು ಮನಸ್ಸು ನೋಯಿಸದೆ, ಬೇಕಾದಷ್ಟೇ ಅಳೆದು ಒಂದೇ ಒಂದು ಅಂಕದಲ್ಲಿ ಕೆಲಸ ಮುಗಿಸಿದ ಆ ಕೈಚಳಕವನ್ನು ಚಿನ್ನದ ತಕ್ಕಡಿ ಹಿಡಿದವರಲ್ಲೂ ನಾನು ಕಂಡಿಲ್ಲ. ಆ ದಿನ ನಾನು ಮನೆಗೆ ಹೋಗಿ ಬಾಗಿಲು ಹಾಕಿಕೊಂಡು ಅತ್ತುಬಿಟ್ಟೆ. ಹೊರಗಿನಿಂದ ನನ್ನ ಅತ್ತೆ, "ಅತ್ತಿದ್ದು ಸಾಕು, ಬಾಗಿಲು ತೆಗಿ. ವಕೀಲರ ಹತ್ರ ಹೋಗೋದಿದೆ. ಕೆಂಪು ಕಣ್ಣು ಇಟ್ಕೊಂಡು ಹೋದ್ರೆ ಸುಳ್ಳು ಕೇಸು ಅಂದ್ಕೋತಾರೆ" ಎಂದರು.

ನಾನು ನ್ಯಾಯಾಲಯಕ್ಕೆ ಅರ್ಜಿ ಹಾಕಿದೆ. ಬೇರೆ ಯಾವ ಅಧಿಕಾರಿಯಾದರೂ ನನ್ನನ್ನು ಆ ಕೂಡಲೇ ಹೊರಗೆ ಹಾಕುತ್ತಿದ್ದರು. ತಾವು ಹಾಗೆ ಮಾಡಲಿಲ್ಲ. "ಹೊಸಬರಿಗೆ ಕೆಲಸ ಗೊತ್ತಿಲ್ಲ, ಕಲಿಸೋವರೆಗೂ ಇರಿ" ಎಂದು ಅಪ್ಪಣೆ ಕೊಟ್ಟು, ನನ್ನ ಕುರ್ಚಿಯನ್ನು ಅವರಿಗೆ ಕೊಡಿಸಿ, ನನಗೊಂದು ಸ್ಟೂಲು ಹಾಕಿಸಿದಿರಿ. ಎಂಬತ್ತೊಂಬತ್ತು ದಿನದ ಕಟ್ಟಲೆ ಮಾತ್ರ ತಪ್ಪಲಿಲ್ಲ.

ಭಾಮೈದನವರ ಬಗ್ಗೆ ನನಗೆ ಹೊಟ್ಟೆ ಉರಿಯುತ್ತಿತ್ತು ಎಂಬುದನ್ನು ಮುಚ್ಚಿಡುವುದಿಲ್ಲ. ಕೊಬ್ಬಿದ ಯಾವನೋ ಬಂದು ಕೂರುತ್ತಾನೆಂದುಕೊಂಡಿದ್ದೆ. ಬಂದವರು ವಾಲಿಬಾಲ್ ಆಡಿಕೊಂಡಿದ್ದ, ಒತ್ತಕ್ಷರ ಕಂಡರೆ ಬೆವರುವ, ಸ್ವಂತ ಅಕ್ಕನಿಗೆ ಹೆದರಿ ಅರ್ಜಿ ಹಾಕಿದ್ದ ಒಬ್ಬ ಉದ್ದನೆಯ ಮನುಷ್ಯ. ಕೆಲಸಕ್ಕೆ ಸೇರಿದ ದಿನ ನಾನು ಕಡತ ತರಲು ಒಳಗೆ ಹೋಗಿ ಬರುವಷ್ಟರಲ್ಲಿ, ಹಿಂದಿನ ವಾರ ತೀರಿಕೊಂಡ ಒಬ್ಬ ಅಜ್ಜನನ್ನು ಜನನ ಪುಸ್ತಕದಲ್ಲಿ ಬರೆದು, "ತೂಕ" ಎಂಬ ಕಾಲಂನಲ್ಲಿ "ಅಂದಾಜು ಐವತ್ತೆರಡು ಕೆ.ಜಿ." ಎಂದು ತುಂಬಿ, ಪ್ರಮಾಣಪತ್ರಕ್ಕೆ ಸೀಲೂ ಒತ್ತಿ ಕೊಟ್ಟಿದ್ದರು. ಕಿಟಕಿಯ ಹೊರಗೆ ನಿಂತಿದ್ದ ಆ ಅಜ್ಜನ ಹೆಂಡತಿ ಆ ಹಾಳೆಯನ್ನು ಕಣ್ಣಿಗೆ ಹತ್ತಿರ ಹಿಡಿದು ಓದಿ, ಎಂಟು ದಿನದಲ್ಲಿ ಮೊದಲ ಸಲ ನಕ್ಕರು. "ಮತ್ತೆ ಹುಟ್ಟಿದ್ರೆ ಇಷ್ಟು ತೂಕ ಇರಲ್ಲ ಕಣಪ್ಪ" ಎಂದರು. ಭಾಮೈದನವರು ನನ್ನ ಕಡೆ ತಿರುಗಿ, "ಅಕ್ಕ, ನನಗೇನೂ ಬರಲ್ಲ. ಬೈದಾದ್ರೂ ಕಲಿಸಿ" ಎಂದರು. ಕೇಸು ಹಾಕಿದವಳನ್ನು ಅಕ್ಕ ಎಂದು ಕರೆಯುವ ಎದುರುಪಕ್ಷದವರನ್ನು ಏನು ಮಾಡಬೇಕೆಂದು ನನ್ನ ವಕೀಲರೂ ಹೇಳಿಕೊಟ್ಟಿರಲಿಲ್ಲ. ನಾನು ಬೈದು ಕಲಿಸಿದೆ.

ಇದರ ನಡುವೆ ತಾವು ನನ್ನ ಮೇಲಿಟ್ಟ ಇನ್ನೊಂದು ವಿಶ್ವಾಸವನ್ನು ಇಲ್ಲಿ ದಾಖಲಿಸಲೇಬೇಕು. ನನ್ನ ಅರ್ಜಿಗೆ ಕಚೇರಿಯ ಪರವಾಗಿ ಆಕ್ಷೇಪಣೆ ಸಲ್ಲಿಸಬೇಕಿತ್ತು. ತಾವು ಅದರ ಕರಡನ್ನು ನನ್ನ ಸ್ಟೂಲಿನ ಬಳಿಗೇ ಕಳುಹಿಸಿ, "ತಪ್ಪುಗಳಿದ್ದರೆ ತಿದ್ದಿ ಕೊಡಿ, ನಿಮ್ಮಷ್ಟು ಚೆನ್ನಾಗಿ ಯಾರೂ ನೋಡಲ್ಲ" ಎಂದು ಹೇಳಿಸಿದಿರಿ. ಅದರಲ್ಲಿ "ಅರ್ಜಿದಾರಳು ಈ ಹುದ್ದೆಗೆ ಸಂಪೂರ್ಣ ಅಸಮರ್ತಳು" ಎಂದು ಬರೆದಿತ್ತು. ನಾನು ತ-ಕಾರ ಹೊಡೆದುಹಾಕಿ ಥ-ಕಾರ ಮಾಡಿ "ಅಸಮರ್ಥಳು" ಎಂದು ಸರಿಪಡಿಸಿದೆ. ಬೇರೆ ಹದಿನಾಲ್ಕು ತಪ್ಪುಗಳನ್ನೂ ತಿದ್ದಿದೆ. "ಆಕೆಯ ನಡತೆ ಸಂಶಯಾಸ್ಪದ" ಎಂಬ ವಾಕ್ಯಕ್ಕೆ ಕ್ರಿಯಾಪದವಿರಲಿಲ್ಲ. "ವಾಗಿರುತ್ತದೆ" ಎಂದು ಸೇರಿಸಿದೆ. ವ್ಯಾಕರಣಕ್ಕೂ ನನಗೂ ಜಗಳವಿಲ್ಲವಲ್ಲ.

ನಾಲ್ಕು ವರ್ಷ ವಾಯಿದೆಗಳು ಬಿದ್ದವು. ಒಮ್ಮೆ ತಮ್ಮ ವಕೀಲರಿಗೆ ಕಡತ ಸಿಗಲಿಲ್ಲ, ಒಮ್ಮೆ ಕಡತಕ್ಕೆ ವಕೀಲರು ಸಿಗಲಿಲ್ಲ. ಮೂರು ಬಾರಿ ಅವರ ಗಂಟಲು ಕೆಟ್ಟಿತ್ತು. ಪ್ರತಿ ವಾಯಿದೆಗೂ ನನ್ನ ಜೊತೆ ಬಂದು ಹಿಂದಿನ ಬೆಂಚಿನಲ್ಲಿ ಸ್ವೆಟರ್ ಹೆಣೆಯುತ್ತಿದ್ದ ನನ್ನ ಅತ್ತೆ, ನಾಲ್ಕನೆಯ ಬಾರಿ ಗಂಟಲಿನ ಮಾತು ಬರುವ ಮುಂಚೆಯೇ ಎದ್ದುಹೋಗಿ ಅವರ ಕೈಗೆ ಗಂಟಲಿನ ಗುಳಿಗೆಯ ಪೊಟ್ಟಣ ಕೊಟ್ಟು, "ಚೀಪಿಕೊಳ್ಳಿ. ಇವತ್ತಾದ್ರೂ ಎರಡು ಮಾತಾಡಿ. ನನಗೆ ಎರಡು ಸ್ವೆಟರು ಮುಗೀತು" ಎಂದರು. ಆ ದಿನ ಮೊದಲ ಬಾರಿಗೆ ವಿಚಾರಣೆ ನಡೆಯಿತು.

ಮೂರನೆಯ ವರ್ಷ ಭಾಮೈದನವರಿಗೆ ಹೆಣ್ಣುಮಗು ಹುಟ್ಟಿತು. ಮಗಳ ಹೆಸರನ್ನು ಅವರೇ ಪುಸ್ತಕದಲ್ಲಿ ಬರೆದರು. ಒತ್ತಕ್ಷರವಿದ್ದ ಹೆಸರು, ಒಂದೂ ತಪ್ಪಿರಲಿಲ್ಲ. ಮಸಿ ಆರುವವರೆಗೆ ಅವರು ಆ ಪುಟ ಮುಚ್ಚಲಿಲ್ಲ. ಆ ಸಂಜೆ ನಾನು ಯಜಮಾನರಿಗೆ, "ಕೇಸು ವಾಪಸು ತಗೊಂಡುಬಿಡ್ಲಾ?" ಎಂದು ಕೇಳಿದೆ. ಅವರು ಟಿಕೆಟ್ ಯಂತ್ರ ಒರೆಸುತ್ತ, "ನಿನ್ನ ಇಷ್ಟ. ಆದ್ರೆ ಅವನನ್ನೂ ಒಂದು ಮಾತು ಕೇಳು" ಎಂದರು. ಮರುದಿನ ಕೇಳಿದೆ. ಭಾಮೈದನವರು ಬಹಳ ಹೊತ್ತು ಪೆನ್ನಿನ ಮುಚ್ಚಳ ತೆಗೆದು ಹಾಕಿ ಮಾಡಿದರು. ಆಮೇಲೆ, "ಬೇಡ ಅಕ್ಕ. ನೀವು ಬಿಟ್ಟುಬಿಟ್ರೆ ನಾನು ಇಲ್ಲಿ ಇನ್ನು ಮೂವತ್ತು ವರ್ಷ ಕೂರಬೇಕು. ದಿನಾ ನಿಮ್ಮನ್ನ ಸ್ಟೂಲ್ ಮೇಲೆ ನೋಡ್ಕೊಂಡು ಹೆಂಗೆ ಕೂರ್ಲಿ?" ಎಂದರು. ಸಾಲಿನಲ್ಲಿ ಯಾರೋ ಕೆಮ್ಮಿದರು, ಇಬ್ಬರೂ ಕೆಲಸಕ್ಕೆ ತೊಡಗಿದೆವು.

ಕೊನೆಗೆ ನ್ಯಾಯಾಧೀಶರು ಕಚೇರಿಯ ಮೂಲ ಪುಸ್ತಕಗಳನ್ನು ತರಿಸಿದರು. ಈ ಹುದ್ದೆಯವರು ನಿಜವಾಗಿ ಮಾಡುವ ಕೆಲಸವೇನು, ಅದನ್ನು ಯಾರು ಮಾಡುತ್ತಿದ್ದಾರೆ ಎಂದು ಕಣ್ಣಾರೆ ನೋಡಬೇಕೆಂದರು. ತಾವು ಭಾಮೈದನವರನ್ನೇ ಪುಸ್ತಕ ಹೊರಿಸಿ ಕಳುಹಿಸಿದಿರಿ. "ಯಾರು ಕೇಳಿದರೂ ತರಬೇತಿ ಕೇಂದ್ರದಲ್ಲಿ ಕಲಿತೆ ಅನ್ನು" ಎಂದು ಹೇಳಿಯೂ ಕೊಟ್ಟಿದ್ದಿರಿ. ಪುಸ್ತಕಗಳ ಗಂಟು ಬಹಳ ಭಾರವಿತ್ತು. ಬಸ್ಸು ಹತ್ತುವಾಗ ಒಂದು ತುದಿಯನ್ನು ಅವರು, ಇನ್ನೊಂದನ್ನು ನಾನು ಹಿಡಿದುಕೊಂಡೆವು. ಅರ್ಜಿದಾರಳೂ ಎದುರುದಾರನೂ ಒಂದೇ ಸೀಟಿನಲ್ಲಿ ಮೊಣಕಾಲ ಮೇಲೆ ಸಾಕ್ಷ್ಯ ಇಟ್ಟುಕೊಂಡು ಹೋದ ಬೇರೊಂದು ಕೇಸು ತಮಗೆ ಗೊತ್ತಿದ್ದರೆ ದಯವಿಟ್ಟು ತಿಳಿಸಿ.

ನ್ಯಾಯಾಧೀಶರು ಕನ್ನಡಕ ಏರಿಸಿ ಮೊದಲ ವರ್ಷದ ಪುಸ್ತಕ ತಿರುವಿದರು. ಪುಟಪುಟದಲ್ಲೂ ಎರಡು ಬಗೆಯ ಅಕ್ಷರ. ನೀಲಿ ಮಸಿಯ ಸೊಟ್ಟ ಸಾಲುಗಳು, ಅವುಗಳ ಮೇಲೆ ಕೆಂಪು ಮಸಿಯ ತಿದ್ದುಪಡಿ. ವರ್ಷ ಕಳೆದಂತೆ ಕೆಂಪು ಕಡಿಮೆಯಾಗುತ್ತ ಹೋಗಿ, ಕೊನೆಯ ಪುಸ್ತಕದಲ್ಲಿ ಇಲ್ಲವೇ ಇಲ್ಲ. ಅವರು ಗಂಟು ಹೊತ್ತು ತಂದವರನ್ನೇ ಮುಂದೆ ಕರೆದು, "ಈ ಕೆಂಪು ಅಕ್ಷರ ಯಾರದ್ದು?" ಎಂದು ಕೇಳಿದರು.

"ಅಕ್ಕಂದು, ಸ್ವಾಮಿ."

ಇಡೀ ಕೋಣೆ ಅಧ್ಯಕ್ಷರ ಹೆಂಡತಿಯತ್ತ ತಿರುಗಿತು. ಆಕೆ ಮುಂದಿನ ಸಾಲಿನಲ್ಲೇ ಕುಳಿತಿದ್ದರು. ತಾವು ಆಕೆಯ ಪಕ್ಕದಲ್ಲಿ ಮುಗುಳ್ನಗುವುದನ್ನು ಅರ್ಧಕ್ಕೆ ನಿಲ್ಲಿಸಿದ್ದಿರಿ.

"ಯಾವ ಅಕ್ಕ?"

"ಇವರು, ಸ್ವಾಮಿ" ಎಂದು ಭಾಮೈದನವರು ನನ್ನ ಕಡೆ ಬೆರಳು ತೋರಿಸಿದರು. "ನನಗೆ ಇವರೇ ಕಲಿಸಿದ್ದು. ಬೇರೆ ತರಬೇತಿ ಆಗಿಲ್ಲ."

ನ್ಯಾಯಾಧೀಶರು ಪುಸ್ತಕ ಮುಚ್ಚಿದರು. "ಈಗ ಚೆನ್ನಾಗೇ ಬರೀತೀರಿ, ಸಂತೋಷ. ಆದರೆ ನಾಲ್ಕು ವರ್ಷದ ಹಿಂದೆ ಸಂದರ್ಶನದಲ್ಲಿ ನಲವತ್ತೊಂಬತ್ತು ಅಂಕ ಬಂತಲ್ಲ, ಅದು ಯಾವ ಉತ್ತರಕ್ಕೆ?"

"ಅಕ್ಕ ಚೆನ್ನಾಗಿದ್ದಾರೆ ಅಂದೆ, ಸ್ವಾಮಿ."

"ಇವರಾ?"

"ಅಲ್ಲ ಸ್ವಾಮಿ. ಅದು ಸ್ವಂತ ಅಕ್ಕ."

ನಗು ಎಲ್ಲಿಂದ ಶುರುವಾಯಿತೋ ತಿಳಿಯದು, ಬಾಗಿಲ ಬಳಿಯಿದ್ದ ಕಾವಲಿನವರವರೆಗೂ ಹೋಯಿತು. ನನ್ನ ಅತ್ತೆ ಸ್ವೆಟರಿನ ಹೆಣಿಗೆ ತಪ್ಪಿಸಿದರು. ನಗದೇ ಇದ್ದವರು ನಾಲ್ವರು: ತಾವು, ಅಧ್ಯಕ್ಷರ ಹೆಂಡತಿ, ಭಾಮೈದನವರು ಮತ್ತು ನಾನು. ನನಗೆ ನಗು ಬರಲಿಲ್ಲ, ಏಕೆಂದರೆ ಒಬ್ಬ ಮನುಷ್ಯ ತನ್ನ ಕೆಲಸವನ್ನು ತಾನೇ ಕೈಯಾರೆ ಬಿಟ್ಟುಕೊಟ್ಟಿದ್ದನ್ನು ನಾನು ಅಷ್ಟು ಹತ್ತಿರದಿಂದ ನೋಡುತ್ತಿದ್ದೆ. ಅವರ ಕತ್ತಿನ ಹಿಂಭಾಗ ಬೆವರಿತ್ತು. ವಾಪಸು ಬಂದು ಕೂರುವಾಗ ಅವರು ಅತ್ತೆಯವರ ಪಕ್ಕದಲ್ಲೇ ಕುಳಿತರು. ಅತ್ತೆ ನೀರಿನ ಬಾಟಲಿ ಮುಂದೆ ಹಿಡಿದರು.

ಆದೇಶ ಬಂತು. ಸಂದರ್ಶನದ ಅಂಕಗಳು ರದ್ದು. ಬರಹದ ಪರೀಕ್ಷೆಯ ಅಂಕದ ಮೇಲೆಯೇ ಅರವತ್ತು ದಿನಗಳೊಳಗೆ ನೇಮಕ ಮಾಡತಕ್ಕದ್ದು. ಅಲ್ಲಿಯವರೆಗೆ ಈಗಿರುವವರೇ ಮುಂದುವರಿಯತಕ್ಕದ್ದು. ತಾವು ನ್ಯಾಯಾಲಯಕ್ಕೆ ಎಷ್ಟು ಗೌರವ ಕೊಡುವವರೆಂದರೆ, ಕೊಟ್ಟ ಅರವತ್ತರಲ್ಲಿ ಐವತ್ತೆಂಟು ದಿನಗಳನ್ನು ಒಂದನ್ನೂ ಪೋಲು ಮಾಡದೆ ಬಳಸಿಕೊಂಡು, ಐವತ್ತೊಂಬತ್ತನೆಯ ದಿನ ನನ್ನ ನೇಮಕಾತಿ ಪತ್ರಕ್ಕೆ ಸಹಿ ಹಾಕಿದಿರಿ. ನಾನು ಅದನ್ನು ಹಿಡಿದು ತಮ್ಮ ಕೋಣೆಗೆ ಓಡಿಬಂದಾಗ, ತಾವು ದಾಖಲೆಗಳ ಪಟ್ಟಿಯನ್ನು ಬೆರಳಿನಿಂದ ಇಳಿಯುತ್ತ ಬಂದು ಒಂದು ಕಡೆ ನಿಂತಿರಿ. "ಜನನ ಪ್ರಮಾಣಪತ್ರ ಹಳೇದಾಯ್ತು. ಮೂರು ತಿಂಗಳೊಳಗೆ ಕೊಟ್ಟದ್ದು ಬೇಕು." ನಾನು ಇದೇ ಊರಿನಲ್ಲಿ ಹುಟ್ಟಿದವಳು. ಪತ್ರ ಕೊಡಬೇಕಾದ್ದು ಇದೇ ಕಚೇರಿ. ಅದಕ್ಕೆ ಸಹಿ ಮಾಡಬೇಕಾದ್ದು ನೋಂದಣಿ ಗುಮಾಸ್ತರು. "ಆ ಹುದ್ದೆ ಈಗ ಖಾಲಿ ಅಲ್ವೇನಮ್ಮಾ? ನೀವು ಸೇರಿದ ಮೇಲೆ ನೀವೇ ಸಹಿ ಮಾಡ್ಕೊಳ್ಳಿ. ಆದ್ರೆ ಅದಿಲ್ಲದೆ ಸೇರಿಸ್ಕೊಳ್ಳಕ್ಕಾಗಲ್ಲ" ಎಂದು ತಾವು ನಿಟ್ಟುಸಿರುಬಿಟ್ಟ ರೀತಿಯನ್ನು ಕಂಡು, ನನಗಿಂತ ತಮಗೇ ಹೆಚ್ಚು ನೋವಾಗಿದೆಯೆಂದು ನಾನು ಆ ಕ್ಷಣ ನಂಬಿಯೇಬಿಟ್ಟೆ. ಅವಧಿಗೆ ಇನ್ನು ಒಂದೇ ದಿನವಿತ್ತು.

ಮೆಟ್ಟಿಲ ಮೇಲೆ ಕುಳಿತಿದ್ದೆ. ಆದೇಶವನ್ನು ಇನ್ನೊಮ್ಮೆ ಓದಿದೆ, ಮೂರನೆಯ ಸಾಲಿನಲ್ಲಿ ಬೆರಳು ನಿಂತಿತು. ನಾನು ಸೇರುವವರೆಗೆ ಈಗಿರುವವರೇ ಮುಂದುವರಿಯತಕ್ಕದ್ದು. ಹುದ್ದೆ ಖಾಲಿಯೇ ಆಗಿರಲಿಲ್ಲ! ನೋಂದಣಿ ಗುಮಾಸ್ತರು ಒಳಗೆ ನನ್ನ ಕುರ್ಚಿಯಲ್ಲಿ, ನಾಳೆ ಬಿಟ್ಟುಕೊಡಬೇಕಾದ ಪುಸ್ತಕಗಳಿಗೆ ಹೊದಿಕೆ ಹಾಕುತ್ತ ಕುಳಿತಿದ್ದರು. ನಾನು ಓಡಿಹೋಗಿ ವಿಷಯ ಹೇಳಿದರೆ ಭಾಮೈದನವರು ಎದ್ದು ನಿಂತು, "ಒಳಗೆ ಬರಬೇಡಿ ಅಕ್ಕ. ಅರ್ಜಿದಾರರು ಕಿಟಕಿ ಹತ್ರ" ಎಂದರು.

ಹತ್ತು ವರ್ಷದಲ್ಲಿ ಮೊದಲ ಬಾರಿ ನಾನು ಆ ಕಿಟಕಿಯ ಹೊರಗೆ ನಿಂತೆ. ಸರಳುಗಳು ಅಷ್ಟು ತಣ್ಣಗಿರುತ್ತವೆಂದು, ಹಲಗೆ ಅಷ್ಟು ಎತ್ತರದಲ್ಲಿದೆಯೆಂದು ನನಗೆ ತಿಳಿದಿರಲಿಲ್ಲ. ಅವರು ಕಪಾಟಿನ ಕೆಳಗಿನ ಸಾಲಿನಿಂದ ನಾನು ಹುಟ್ಟಿದ ವರ್ಷದ ಪುಸ್ತಕ ತೆಗೆದು, ಧೂಳು ಹೊಡೆದು, ಪುಟ ಹುಡುಕಿದರು. ಹೊಸ ಹಾಳೆಯಲ್ಲಿ ನಿಧಾನವಾಗಿ, ಸಾಲು ಸೊಟ್ಟವಾಗದಂತೆ ಬರೆದು, ಮಸಿ ಆರಿದ ಮೇಲೆ ಸಹಿ ಮಾಡಿ, ಸೀಲು ಒತ್ತಿ, ಹಲಗೆಯ ಮೇಲೆ ಸರಿಸಿದರು. "ಓದಿಕೊಂಡು ತಪ್ಪಿದ್ರೆ ಈಗ್ಲೇ ಹೇಳಿ." ನಾನು ಅಭ್ಯಾಸಬಲದಿಂದ ಕೆಂಪು ಪೆನ್ನು ಹುಡುಕಿದೆ. ತಿದ್ದುವುದಕ್ಕೆ ಏನೂ ಇರಲಿಲ್ಲ.

ಮರುದಿನ ಹತ್ತೂವರೆಗೆ ನಾನು ಕೆಲಸಕ್ಕೆ ಸೇರಿದೆ. ಇಷ್ಟಾದ ಮೇಲೂ ದೂರೇನು ಎಂದು ತಾವು ಕೇಳಬಹುದು. ದೂರು ಇದು: ಇಂಥ ಅಪೂರ್ವ ಪ್ರತಿಭೆಯುಳ್ಳ ತಾವು ಈ ಚಿಕ್ಕ ಊರಿನಲ್ಲಿ ಕೊಳೆಯುತ್ತಿರುವುದು. ಆದ್ದರಿಂದ ತಮ್ಮಲ್ಲಿ ಕೆಲವು ಪ್ರಾರ್ಥನೆಗಳಿವೆ. ಆ ಐವತ್ತು ಅಂಕದ ಸಂದರ್ಶನವನ್ನು ದಯಮಾಡಿ ಬಾವಿ ತೋಡುವವರಿಗೂ, ವಿಮಾನ ಓಡಿಸುವವರಿಗೂ, ವಿಶೇಷವಾಗಿ ತಮ್ಮ ಕಣ್ಣಿನ ಶಸ್ತ್ರಚಿಕಿತ್ಸೆ ಮಾಡಲಿರುವ ವೈದ್ಯರಿಗೂ ವಿಸ್ತರಿಸಬೇಕು. ಅವರ ಅಕ್ಕಂದಿರು ಚೆನ್ನಾಗಿದ್ದಾರೆಂದು ಖಚಿತವಾದ ಮೇಲಷ್ಟೇ ತಾವು ಹಾಸಿಗೆಯ ಮೇಲೆ ಮಲಗಬೇಕು. ಹಾಗೆಯೇ, ನನ್ನ ಕೆಲಸದಿಂದ ಕಳೆದ ತೊಂಬತ್ತನೆಯ ದಿನಗಳನ್ನೆಲ್ಲ ಒಟ್ಟುಮಾಡಿ ಯಾವ ಕಪಾಟಿನಲ್ಲಿಟ್ಟಿದ್ದೀರೋ ಹುಡುಕಿ ಹಿಂತಿರುಗಿಸಬೇಕು. ಹಳತಾಗಿದ್ದರೂ ಚಿಂತೆಯಿಲ್ಲ, ನಾನು ಬಳಸಿಕೊಳ್ಳುತ್ತೇನೆ.

ಕೊನೆಯದು ಪ್ರಾರ್ಥನೆಯಲ್ಲ, ಮಾಹಿತಿ. ಭಾಮೈದನವರು ಈಗ ಹಗಲು ಪಾರ್ಸೆಲ್ ಕಚೇರಿಯಲ್ಲಿ ವಿಳಾಸ ಬರೆಯುತ್ತಾರೆ, ಒಂದು ಪೊಟ್ಟಣವೂ ತಪ್ಪು ಮನೆಗೆ ಹೋಗಿಲ್ಲವಂತೆ. ಅವರಿಗಿನ್ನೂ ವಯಸ್ಸಿದೆ. ಮುಂದಿನ ಪರೀಕ್ಷೆಗೆ ಪ್ರತಿ ಸಂಜೆ ನಮ್ಮ ಮನೆಯಲ್ಲಿ ಓದುತ್ತಿದ್ದಾರೆ. ಪ್ರಶ್ನೆ ಕೇಳುವುದು ಅತ್ತೆಯವರ ಹೊಣೆ. ಮೊನ್ನೆಯ ಅಣಕು ಪರೀಕ್ಷೆಯಲ್ಲಿ ಎಪ್ಪತ್ತೊಂಬತ್ತು ಬಂತು. ಹುದ್ದೆ ಸಿಕ್ಕರೆ ಇನ್ನು ಮುಂದೆ ಅದು ಅವರದ್ದೇ, ಯಾರ ಮುಖ ನೋಡಿಯೂ ತಲೆ ತಗ್ಗಿಸಬೇಕಾಗಿಲ್ಲ.

ತಮ್ಮ ಕೋಣೆಯಿಂದ ಇಪ್ಪತ್ತೆರಡು ಹೆಜ್ಜೆಯ ದೂರದಲ್ಲಿ ಇನ್ನು ಹದಿನೆಂಟು ವರ್ಷ ಕದಲದೆ ಕುಳಿತಿರಲಿರುವ,

ತಮ್ಮ ವಿಶ್ವಾಸಿ,
ನೋಂದಣಿ ಗುಮಾಸ್ತೆ
(ಕಾಯಂ)

ಮರೆತ ಮಾತು: ತಮ್ಮ ಮಗಳಿಗೆ ಹೆಣ್ಣುಮಗುವಾದ ಸುದ್ದಿ ತಿಳಿದು ನಿಜಕ್ಕೂ ಸಂತೋಷವಾಯಿತು. ಪ್ರಮಾಣಪತ್ರಕ್ಕೆಂದು ಜವಾನನ ಕೈಯಲ್ಲಿ ತಾವು ಕಳುಹಿಸಿದ ಅರ್ಜಿಯನ್ನು ಹಿಂತಿರುಗಿಸುತ್ತಿದ್ದೇನೆ. ತಾಯಿಯ ಹೆಸರು, ತಂದೆಯ ಹೆಸರು, ಹುಟ್ಟಿದ ವೇಳೆ ಎಲ್ಲವನ್ನೂ ಖಾಲಿ ಬಿಟ್ಟು, ಅಡ್ಡಲಾಗಿ "ಮುಖ್ಯಾಧಿಕಾರಿಗಳ ಮೊಮ್ಮಗಳು" ಎಂದಷ್ಟೇ ಬರೆದಿದ್ದೀರಿ. ನಮ್ಮ ಪುಸ್ತಕದಲ್ಲಿ "ಯಾರ ಕಡೆಯವರು" ಎಂಬ ಕಾಲಂ ಇಲ್ಲ.